ಚಪ್ಪಲಿ ಬಿಟ್ಟು ನೋಡಿದ ದೆವ್ವದ ಸಿನಿಮಾ

ಚಿನ್ನದ ಗಣಿಗಳು ಇನ್ನೂ ನಡೆಯುತ್ತಿದ್ದ ಕಾಲ. ಆಂಡರ್ಸನ್‌ಪೇಟೆಯ ಒಂದು ಶೀಟಿನ ಟಾಕೀಸನ್ನು ನನ್ನ ಸೋದರಮಾವ ಗುತ್ತಿಗೆಗೆ ಹಿಡಿದಿದ್ದರು. ಬಂಗಾರಪೇಟೆ ಕಡೆಯ ಹಳ್ಳಿಯಲ್ಲಿ ಹಸು ಕಟ್ಟಿಕೊಂಡಿದ್ದ ಮನುಷ್ಯ. ಅವರ ಲೆಕ್ಕದಲ್ಲಿ ಸಿನಿಮಾ ಅಂದರೆ ಎರಡೇ ಜಾತಿ: ದೇವರದ್ದು, ಹೊಡೆದಾಟದ್ದು. ಪ್ರೊಜೆಕ್ಟರ್ ಓಡಿಸುತ್ತಿದ್ದವನು ನಾನು. ಅದೇ ನಾಗರಹಾವು, ಅದೇ ತ್ರಿಶೂಲ ನೋಡಿ ನೋಡಿ ನನಗೆ ಸಾಕುಸಾಕಾಗಿತ್ತು.

ಒಮ್ಮೆ ಬೆಂಗಳೂರಿನಲ್ಲಿ ಒಂದು ದೆವ್ವದ ಸಿನಿಮಾ ನೋಡಿದೆ. ಬಿಳಿ ಸೀರೆ, ಬಿಚ್ಚಿದ ಕೂದಲು, ಗೆಜ್ಜೆ ಸದ್ದು, ಎಲ್ಲಾ ಇತ್ತು. ಆದರೆ ಆ ಮನೆಗೆ ಬಾಡಿಗೆಗೆ ಬಂದ ಹೆಂಗಸು ಹೆದರುವುದೇ ಇಲ್ಲ. "ಬಂದ್ಯಾ? ಕೂತ್ಕೊಂಡು ರುಬ್ಬು" ಎಂದು ದೆವ್ವವನ್ನೇ ಒರಳಿನ ಮುಂದೆ ಕೂರಿಸುತ್ತಾಳೆ. ನೀರು ಸೇದಿಸುತ್ತಾಳೆ. ಕೊನೆಗೆ ಆ ದೆವ್ವ ಮಂತ್ರವಾದಿಯ ಕಾಲು ಹಿಡಿದು, "ನನಗೆ ಮನುಷ್ಯರು ಮೆಟ್ಕೊಂಡಿದಾರೆ ಸ್ವಾಮಿ, ಬಿಡಿಸಿ" ಎಂದು ಅಳುತ್ತದೆ. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ನಮ್ಮ ಟಾಕೀಸಿನಲ್ಲೂ ಜನ ಹೀಗೇ ಬಿದ್ದು ಬಿದ್ದು ನಗುವುದನ್ನು ಒಮ್ಮೆಯಾದರೂ ಕೇಳಬೇಕು ಅನ್ನಿಸಿತು.

ಮಾವನ ಬೆನ್ನು ಬಿದ್ದೆ.

"ದೆವ್ವ ಅಂದ್ರೆ ಎದರ್ಬೇಕು ಕಣ್ಲಾ, ನಗೋದೇನ್ಲಾ?" ಎಂದರು. ನಾನು ಬಿಡಲಿಲ್ಲ. ಕೊನೆಗೆ, "ಆಯ್ತು, ಆಕು. ಮ್ಯಾಟ್ನಿ ತುಂಬುದ್ರೆ ಇನ್ಮ್ಯಾಕೆ ಸಿನಿಮಾ ಎಲ್ಲಾ ನೀನೇ ಆರ್ಸು. ತುಂಬ್ದೆ ಓದ್ರೆ ಬಾಯಿ ಮುಚ್ಕೊಂಡು ನಾನ್ ತಂದಿದ್ದು ಓಡ್ಸು" ಎಂದರು.

ಜಟಕಾದಲ್ಲಿ ಮೈಕು ಕಟ್ಟಿಕೊಂಡು ಊರೆಲ್ಲ ಕೂಗಿಬರಲು ನಮ್ಮಲ್ಲೊಬ್ಬ ಮುದುಕನಿದ್ದ. ಮನೆಮಾತು ತಮಿಳು. "ದೆವ್ವ ಬರ್ತಿದೆ, ಸಂಸಾರ ಸಮೇತ ಬನ್ನಿ" ಎಂದು ಕೂಗಲು ಹೇಳಿಕೊಟ್ಟೆ. ಆ ಪುಣ್ಯಾತ್ಮ ನನ್ನ 'ದೆವ್ವ'ವನ್ನು ತನ್ನ ತಮಿಳಿನ 'ದೆಯ್ವಂ' ಅಂದುಕೊಂಡ. ಅಂದರೆ ದೇವರು! "ದೆಯ್ವಂ ವರುದು, ಕುಡುಂಬತ್ತೋಡ ವಾಂಗ" ಎಂದು ಮೈಸೂರು ಮೈನ್ಸಿನ ಗಣಿ ಕೆಲಸಗಾರರ ಲೈನು ಮನೆಗಳ ತನಕ ಸಾರಿಬಂದ. ಜಟಕಾ ನಮ್ಮ ಮುಂದೆಯೇ ಹೋಯಿತು. ನಾನೂ ಮಾವನೂ ಕೇಳಿಸಿಕೊಂಡೆವು. ದೆವ್ವಕ್ಕೆ ತೆಲುಗಿನಲ್ಲಿ 'ದೆಯ್ಯಂ' ಅನ್ನುತ್ತಾರಲ್ಲ, ಮುದುಕ ಅದನ್ನೇ ಕೂಗುತ್ತಿದ್ದಾನೆ ಅಂದುಕೊಂಡು ಸುಮ್ಮನಾದೆವು. ಮೂರು ಭಾಷೆಯ ಊರಲ್ಲಿ ಹುಟ್ಟಿದ ಕರ್ಮ!

ಮ್ಯಾಟ್ನಿಗೆ ಜನವೋ ಜನ. ನೆಲದ ಕ್ಲಾಸಿನಲ್ಲಿ ಕಾಲಿಡಲು ಜಾಗವಿಲ್ಲ. ನನಗೆ ಖುಷಿಯೋ ಖುಷಿ. ಎಲ್ಲರೂ ಬಾಗಿಲಲ್ಲೇ ಚಪ್ಪಲಿ ಬಿಟ್ಟು ಒಳಗೆ ಹೋಗುತ್ತಿದ್ದುದನ್ನು ಕಂಡಾಗಲಾದರೂ ನನ್ನ ಮಂಡೆಗೆ ಹೊಳೆಯಬೇಡವೇ? ದೇವರ ಸಿನಿಮಾಕ್ಕಲ್ಲದೆ ನಮ್ಮ ಜನ ಇನ್ಯಾವುದಕ್ಕೂ ಚಪ್ಪಲಿ ಬಿಟ್ಟವರಲ್ಲ.

ಪರದೆಯ ಮೇಲೆ ಬಿಳಿ ಸೀರೆ ಕಂಡಿದ್ದೇ ತಡ, ಮುಂದಿನ ಸಾಲಿನ ಅಜ್ಜಿಯರು ಎದ್ದು ನಿಂತು ಕರ್ಪೂರ ಹಚ್ಚಿದರು. ಪರದೆಯ ಬಟ್ಟೆಗೆ ಎಲ್ಲಿ ಬೆಂಕಿ ಹತ್ತುತ್ತದೋ ಎಂದು ನಾನು ಬಕೆಟ್ ನೀರು ಹಿಡಿದು ಓಡಿದೆ. "ಚಪ್ಲಿ ಬಿಚ್ಚೋ, ಅಮ್ಮನ ಮುಂದೆ ಚಪ್ಲಿ ಆಕ್ಕೊಂಡು ಬತ್ತೀಯಾ?" ಎಂದು ಒಬ್ಬ ಅಜ್ಜಿ ನನಗೇ ಬೈದಳು.

"ಅಮ್ಮ ಅಲ್ಲಜ್ಜಿ, ಅದು ದೆವ್ವ!" ಎಂದು ಕಿರುಚಿದೆ.

"ಆಮಾ, ದೆಯ್ವಂದಾ" ಎಂದು ಆಕೆ ಕೆನ್ನೆ ಕೆನ್ನೆ ಬಡಿದುಕೊಂಡಳು. ಹೌದು, ದೇವರೇ ಅಂತೆ! ನಾನು ಹಣೆ ಹಣೆ ಚಚ್ಚಿಕೊಂಡೆ.

ರುಬ್ಬುವ ದೃಶ್ಯ ಬಂತು. ಬೆಂಗಳೂರಿನಲ್ಲಿ ಸೀಟಿನಿಂದ ಜಾರಿ ಬೀಳುವಷ್ಟು ನಕ್ಕಿದ್ದ ದೃಶ್ಯ. ಇಲ್ಲಿ ಒಬ್ಬಳು "ಅಯ್ಯೋ, ಅಮ್ಮನ ಕೈಲಿ ರುಬ್ಬುಸ್ತಾಳಲ್ಲಾ, ಇವಳ ಕೈ ಸೇದೋಗ" ಎಂದು ಶಾಪ ಹಾಕಿದಳು. ದೆವ್ವ ನೀರು ಸೇದುವಾಗ ಮೂಗು ಸೀಟುವ ಸದ್ದು. ಮಂತ್ರವಾದಿಯ ಕಾಲು ಹಿಡಿದಾಗಲಂತೂ ಇಡೀ ಟಾಕೀಸು ಗೊಳೋ ಎಂದು ಅತ್ತಿತು. ನನಗೆ ಮೈಯೆಲ್ಲ ಉರಿದುಹೋಯಿತು. ರೀಲು ಕಿತ್ತು ಬಿಸಾಡಿ ಮನೆಗೆ ಹೋಗೋಣ ಅನ್ನಿಸಿತು. ನಗ್ರಪ್ಪಾ, ಒಬ್ಬರಾದರೂ ನಗ್ರಪ್ಪಾ ಎಂದು ಮೆಷಿನ್ ರೂಮಿನಲ್ಲಿ ನಿಂತು ಗೋಗರೆದೆ. ಯಾರಿಗೆ ಕೇಳಬೇಕು?

ಆಟ ಬಿಟ್ಟಾಗ ಅಜ್ಜಿಯೊಬ್ಬಳು ಕಣ್ಣೊರೆಸಿಕೊಳ್ಳುತ್ತಾ ಬಂದು, "ಒಳ್ಳೆ ಸಿನಿಮಾ ಆಕಿದ್ದೀಯ ಸಾಮಿ, ನಾಳೆ ಸೊಸೇನೂ ಕರ್ಕೊಂಡು ಬತ್ತೀನಿ" ಎಂದು ನನ್ನ ತಲೆ ಸವರಿ ಹೋದಳು.

ಮಾವನ ಮುಖ ಊರಗಲವಾಗಿತ್ತು. "ಗೆದ್ಬುಟ್ಟೆ ಕಣ್ಲಾ! ಮಾತಂದ್ರೆ ಮಾತು. ಇವತ್ತಿಂದ ಸಿನಿಮಾ ಆರ್ಸೋನು ನೀನೇ."

"ಒಬ್ರಾದ್ರೂ ನಕ್ಕರಾ ಮಾವ?"

"ನಗೋದ್ಯಾಕ್ಲಾ? ಇಂತದ್ದೇ ಅಮ್ಮನ ಸಿನಿಮಾ ಇನ್ನೊಂದು ಐತಾ ನೋಡ್ಕೊಂಡು ಬಾ, ಓಗು."

ಹೋದೆ. ಬೆಂಗಳೂರಿನಲ್ಲಿ ದಿನವೆಲ್ಲ ಅಲೆದು, ಯಾರ ಮಾತೂ ಕೇಳದೆ, ನಾನೇ ಆರಿಸಿ, ನಾಗಮ್ಮನ ಸಿನಿಮಾ ಒಂದನ್ನು ಹೊತ್ತುಕೊಂಡು ಬಂದೆ.