ಗಂಗುಬಾಯಿ ಹೆಸರಿನ ಇಲಿ

ಧೊಂಡಿಬಾ ಹಿಡಿದರೆ ಇಲಿ ಕಚ್ಚುತ್ತಿರಲಿಲ್ಲ. ನಾನು ಹಿಡಿದರೆ ಕಚ್ಚುತ್ತಿತ್ತು. ಬೀದರಿನ ಒಂದು ಫಾರ್ಮಸಿ ಕಾಲೇಜಿನಲ್ಲಿ, ಪ್ರಯೋಗದ ಪ್ರಾಣಿಗಳನ್ನಿಡುವ ಕೋಣೆಗೆ ನಾನು ಟೆಕ್ನಿಷಿಯನ್, ಅವನು ಪಂಜರ ತೊಳೆಯುವ ಆಳು. ವಯಸ್ಸಿನಲ್ಲಿ ನನಗಿಂತ ದೊಡ್ಡವನು. ಎದುರಿಗೆ ಕಾಕಾ ಅನ್ನುತ್ತಿದ್ದೆ. ಈಗ ಸಿಟ್ಟಿನಲ್ಲಿ ಬರೆಯುತ್ತಿದ್ದೇನೆ, ಆದ್ದರಿಂದ ಅವನು ಅಂತಲೇ ಬರೆಯುತ್ತೇನೆ.

ಊರು ಔರಾದ ತಾಲೂಕಿನ ಎಕಂಬಾ. ಕುರಿ ಕಾಯ್ದ ಮನೆತನ. ಮೊಣಕಾಲು ಕೈಕೊಟ್ಟ ಮೇಲೆ ಕುರಿಗಳನ್ನು ತಮ್ಮನಿಗೆ ಬಿಟ್ಟು ಬೀದರಿಗೆ ಬಂದು ಈ ಕೆಲಸ ಹಿಡಿದ. ಹೆಂಡತಿ ಗಂಗುಬಾಯಿ, ಮಗಳು ಕಾಜಲ ಊರಲ್ಲೇ ಉಳಿದರು. ಕುರಿ ಬಿಟ್ಟರೂ ಕುರುಬತನ ಬಿಡಲಿಲ್ಲ. ನಾನು ಭಾಲ್ಕಿಯಿಂದ ರೈಲು ಹಿಡಿದು ಬರುವಷ್ಟರಲ್ಲಿ ಅವನು ಬಿಳಿ ಇಲಿಗಳನ್ನೆಲ್ಲ ಮಾತಾಡಿಸಿ, ಕಾಳು ನೀರು ಇಟ್ಟು, ಚಳಿಯಿದ್ದರೆ ಒಂದು ಹಿಡಿ ಹೊಟ್ಟು ಹೆಚ್ಚಿಗೆ ಹಾಸಿ ಕೂತಿರುತ್ತಿದ್ದ. ಇಲಿಗೇನು ಮಗುವಿನ ಹಾಗೆ ಜಾವಳ ತೆಗೆಸುತ್ತೀಯಾ ಕಾಕಾ ಎಂದು ರೇಗಿಸುತ್ತಿದ್ದೆ. ನಗುತ್ತಿದ್ದ.

ಆ ವರ್ಷ ಮುಸರ್ರತ ಮ್ಯಾಡಂ ಪಿಎಚ್‌ಡಿಗೆಂದು ಕ್ಯಾನ್ಸರ್ ಪ್ರಯೋಗ ಹಿಡಿದಿದ್ದರು. ಹೊಲದ ಬದುವಿನ ಮೇಲೆ ಬೆಳೆಯುವ ಒಂದು ಗಿಡದ ತೊಗಟೆಯ ಸಾರ. ಗಿಡದ ಹೆಸರು ಹೇಳುವುದಿಲ್ಲ, ಹೇಳಿದರೆ ನಾಳೆಯೇ ಯಾರೋ ಕುದಿಸಿ ಕುಡಿಯುತ್ತಾರೆ. ಇಲಿಯ ತೊಡೆಗೆ ಕ್ಯಾನ್ಸರ್ ಕಣ ಚುಚ್ಚಿ ಗಡ್ಡೆ ಬರಿಸುವುದು, ಕೆಲವಕ್ಕೆ ಸಾರ ಕುಡಿಸುವುದು, ಕೆಲವಕ್ಕೆ ಬರೀ ನೀರು. ಯಾವುದು ಯಾವ ಗುಂಪಿನದೆಂದು ಗೊತ್ತಾಗಲು ಬೆನ್ನಿಗೋ ಬಾಲಕ್ಕೋ ಹಳದಿ ಬಣ್ಣ ಹಚ್ಚುವುದು. ಸಾರ ಕುಡಿದವುಗಳಲ್ಲಿ ಹಲವು ಇಲಿಗಳ ಗಡ್ಡೆ ನಿಜಕ್ಕೂ ಕರಗಿತು. ಧೊಂಡಿಬಾ ದಿನಾ ಬೆರಳಲ್ಲಿ ಮುಟ್ಟಿ ನೋಡಿ ಹಿಗ್ಗುತ್ತಿದ್ದ.

ಹಿಗ್ಗಲು ಕಾರಣವಿತ್ತು. ಅದೇ ಹೊತ್ತಿಗೆ ಗಂಗುಬಾಯಿಯ ಎದೆಯಲ್ಲಿ ಗಂಟು ಸಿಕ್ಕಿತ್ತು. ಬೀದರಿನ ಆಸ್ಪತ್ರೆಯಲ್ಲಿ ತೋರಿಸಿದಾಗ ಕ್ಯಾನ್ಸರ್ ಎಂದರು. ಆದರೆ ಬೇರೆಲ್ಲೂ ಹಬ್ಬಿಲ್ಲ, ಕೀಮೋ ಸೂಜಿ ಹಾಕಿ ಗಂಟು ಸಣ್ಣದು ಮಾಡಿ ಆಮೇಲೆ ಆಪರೇಷನ್ ಮಾಡಿದರೆ ಬದುಕುತ್ತಾಳೆ, ನಡುವೆ ಮಾತ್ರ ಬಿಡಬೇಡಿ ಎಂದು ಡಾಕ್ಟರು ಬಿಡಿಸಿ ಹೇಳಿದರು. ನಾನೂ ಪಕ್ಕದಲ್ಲೇ ಇದ್ದೆ. ಆಕೆ ಮೂರು ವಾರಕ್ಕೊಮ್ಮೆ ಎಕಂಬಾದಿಂದ ಬಸ್ಸು ಹಿಡಿದು ಮಗಳ ಜೊತೆ ಬರುತ್ತಿದ್ದಳು. ಕೂದಲು ಉದುರಿತು, ತಿಂದದ್ದು ವಾಂತಿಯಾಯಿತು. ಆದರೂ ಒಂದು ಸಲವೂ ತಪ್ಪಿಸಲಿಲ್ಲ. ಸೂಜಿಯ ದಿನ ಇನ್ನೂ ದೂರವಿರುವಾಗಲೇ ಚೀಲದಲ್ಲಿ ಶಾಲು, ಡಬ್ಬಿ, ಒಂದು ಸೀರೆ ತುಂಬಿ ಗೂಟಕ್ಕೆ ತೂಗುಹಾಕುತ್ತಿದ್ದಳಂತೆ. ಬದುಕುವ ಆಸೆ ಅಷ್ಟಿತ್ತು ಆ ಹೆಣ್ಣುಮಗಳಿಗೆ.

ಇತ್ತ ಪ್ರಯೋಗ ಮುಗಿಯುವ ದಿನ ಬಂತು. ಕೊಲ್ಲುವುದು ಅನ್ನಲು ನಮ್ಮವರಿಗೆ ಬಾಯಿ ಬರುವುದಿಲ್ಲ, ಸ್ಯಾಕ್ರಿಫೈಸ್ ಅನ್ನುತ್ತಾರೆ. ಮದ್ದು ಕೊಟ್ಟು ಮಲಗಿಸಿ, ಕೊಯ್ದು, ಒಳಗಿನದನ್ನೆಲ್ಲ ತೂಗಿ ನೋಡಬೇಕು. ಗಡ್ಡೆ ಇದ್ದವನ್ನೂ ಕೊಲ್ಲಬೇಕು, ಗುಣವಾದವನ್ನೂ ಕೊಲ್ಲಬೇಕು. ಧೊಂಡಿಬಾನಿಗೆ ಇದು ಗಂಟಲಲ್ಲಿ ಇಳಿಯಲಿಲ್ಲ. ಗುಣವಾದವನ್ನು ಯಾಕೆ ಕೊಲ್ಲುತ್ತೀರಿ ಎಂದು ಮ್ಯಾಡಂ ಹತ್ತಿರ ಕೇಳಿದ. ಅವರು ಯಕೃತ್ತು, ರಕ್ತ ಎಂದು ಏನೇನೋ ವಿವರಿಸಿದರು. ಅವನು ಕದಲದೆ ನಿಂತೇ ಇದ್ದ. ಅವರಿಗೆ ಅವಸರ, ಕೈಗವಸು ಹಾಕಿಕೊಂಡಾಗಿತ್ತು.

"ಖುರ್ಬಾನಿ ಅಂತ ತಿಳ್ಕೊರಿ ಚಾಚಾ" ಅಂದರು.

"ಯಾರ ಹೆಸರ ಮ್ಯಾಲರಿ ಮ್ಯಾಡಂ?"

"ರೋಗಿಗಳ ಹೆಸರ ಮ್ಯಾಲ. ಮತ್ತ್ಯಾರದು?"

ಮ್ಯಾಡಂ ಕೆಟ್ಟವರಲ್ಲ. ಇಂಗ್ಲಿಷಿನ ಒಂದು ಪದಕ್ಕೆ ತಮ್ಮ ಮನೆಯ ಮಾತು ಹುಡುಕಿ ಕೊಟ್ಟರು, ಅಷ್ಟೆ. ಅದು ಧೊಂಡಿಬಾನ ಕಿವಿಗೆ ಬೀಳುವಾಗ ಬೇರೆಯೇ ಆಯಿತು. ಅವರ ಹಟ್ಟಿಯ ಟಗರುಗಳು ವರ್ಷವರ್ಷ ಬಕ್ರೀದಿಗೆ ಹೋಗುತ್ತಿದ್ದವು. ಕೊಯ್ಯುವ ಮೊದಲು ಯಾರ ಹೆಸರಿನದೆಂದು ಹೇಳುತ್ತಾರೆ ಎಂಬುದು ಅವನಿಗೆ ಗೊತ್ತು. ಅವರ ಮನೆಯಲ್ಲೂ ಯಾರಿಗಾದರೂ ಜಡ್ಡು ಬಂದರೆ ದೇವಿಗೆ ಕುರಿಯ ಹರಕೆ ಹೊರುತ್ತಾರೆ. ಕುಂಟು, ಕುರುಡು, ಜಡ್ಡಿನ ಕುರಿ ನಡೆಯುವುದಿಲ್ಲ. ಊನವಿಲ್ಲದ್ದೇ ಬೇಕು. ಅದಕ್ಕೆ ಭಂಡಾರದ ಅರಿಸಿನ ಹಚ್ಚಿ, ಮೇಲೆ ನೀರು ಚಿಮುಕಿಸಿ ಕಾಯುತ್ತಾರೆ. ಕುರಿ ಮೈ ಕೊಡವಿದರೆ ದೇವಿ ಒಪ್ಪಿದಳು ಎಂದರ್ಥ. ಕೊಡವದಿದ್ದರೆ ಎಷ್ಟು ಹೊತ್ತಾದರೂ ಕತ್ತಿ ಎತ್ತುವಂತಿಲ್ಲ.

ಈಗ ಅವನ ಕಣ್ಣಿಂದ ನೋಡಿ. ಹಳದಿ ಆಗಲೇ ಹಚ್ಚಿದೆ. ಗುಣವಾಗಿ ಊನವಿಲ್ಲದ ಜೀವ ಪಂಜರದಲ್ಲಿದೆ. ಓದಿದವರೇ ಖುರ್ಬಾನಿ ಅಂದಿದ್ದಾರೆ, ರೋಗಿಗಳ ಹೆಸರ ಮೇಲೆ ಅಂದಿದ್ದಾರೆ. ಹೆಸರು ಹೇಳುವುದೊಂದೇ ಬಾಕಿ.

ಅಂದು ನಾನು ಒಳಗೆ ಹೋದಾಗ ಬಾಲಕ್ಕೆ ಹಳದಿಯಿದ್ದ ಒಂದು ಇಲಿ ಒದ್ದೆಯಾಗಿತ್ತು. ಯಾಕಪ್ಪ ಇದು, ಈಗ ತೂಕ ಮಾಡಬೇಕು, ಹೀಗೆ ತೋಯಿಸಿದರೆ ಹೇಗೆ ಎಂದು ಬೈದೆ. ನೀರಿನ ಬಾಟಲಿ ಸೋರಿತು ಅಂದ. ಅಂಗಿಯ ಚುಂಗಿನಿಂದ ಅದನ್ನು ಮೆಲ್ಲಗೆ ಒರೆಸಿ, ಎರಡೂ ಕೈಯಲ್ಲಿ ಹಿಡಿದು ಮ್ಯಾಡಂ ಮೇಜಿನ ಮೇಲಿಟ್ಟ. ಮುಖದಲ್ಲಿ ಅಂಥ ಸಮಾಧಾನವನ್ನು ನಾನು ಹಿಂದೆ ಕಂಡಿರಲಿಲ್ಲ.

ಫಲಿತಾಂಶ ಚೆನ್ನಾಗಿ ಬಂತು. ವಿಭಾಗದಲ್ಲಿ ಪೇಢಾ ಹಂಚಿದರು. ಒಂದು ಪತ್ರಿಕೆಯವರು ಬಂದು ಫೋಟೋ ಹೊಡೆದುಕೊಂಡು ಹೋಗಿ, ಕ್ಯಾನ್ಸರಿಗೆ ಬೀದರಿನಲ್ಲಿ ಮದ್ದು ಎಂದು ದಪ್ಪಕ್ಷರದಲ್ಲಿ ಹಾಕಿದರು. ಇಲಿ ಎಂಬ ಮಾತು ಕೊನೆಯ ಸಾಲಿನಲ್ಲಿತ್ತು. ಇಲಿಗಳ ಕ್ಯಾನ್ಸರನ್ನು ಈ ಜಗತ್ತು ಎಷ್ಟೋ ಸಲ ವಾಸಿ ಮಾಡಿ ಆಗಿದೆ. ಅದರಲ್ಲಿ ಮನುಷ್ಯರ ತನಕ ಬಂದು ನಿಲ್ಲುವ ಮದ್ದು ತೀರಾ ಕಡಿಮೆ. ಇದು ನಮ್ಮ ವಿಭಾಗದ ಗೋಡೆಗಳಿಗೂ ಗೊತ್ತು. ಆದರೆ ಪೇಢಾ ಹಂಚುವಾಗ ಯಾರು ಹೇಳುತ್ತಾರೆ?

ಧೊಂಡಿಬಾ ತನ್ನ ಪಾಲಿನ ಪೇಢಾ ಕಾಗದದಲ್ಲಿ ಸುತ್ತಿಕೊಂಡು ಊರಿಗೆ ಹೋದ. ಗಂಗುಬಾಯಿ ತಿಂದಳು. ಇನ್ನು ಸೂಜಿ ಸಾಕು ಎಂದು ಅವನು ಹೇಳಿದ. ಡಾಕ್ಟರು ಹೇಳಿದರಾ ಎಂದು ಆಕೆ ಕೇಳಿದಳಂತೆ. ನಮ್ಮ ಕಾಲೇಜಿನಲ್ಲೇ ಆಗಬೇಕಾದ್ದು ಆಗಿದೆ ಅಂದನಂತೆ. ಗಂಡ ಔಷಧಿ ಕಾಲೇಜಿನಲ್ಲಿರುವವನು, ಆಕೆ ಹೇಗೆ ಎದುರಾಡುತ್ತಾಳೆ? ಗೂಟದ ಚೀಲ ಮಾತ್ರ ಬಿಚ್ಚಿ ಖಾಲಿ ಮಾಡಲಿಲ್ಲ. ಸೂಜಿಯ ದಿನ ಬಂದಾಗ ಅದನ್ನು ಕೆಳಗಿಳಿಸಿ ಪಕ್ಕದಲ್ಲಿಟ್ಟುಕೊಂಡು ಬಾಗಿಲಲ್ಲಿ ಕೂತಿರುತ್ತಿದ್ದಳು, ಬಸ್ಸು ಹೋದ ಮೇಲೆ ಮತ್ತೆ ತೂಗುಹಾಕುತ್ತಿದ್ದಳು. ಇದೆಲ್ಲ ಕಾಜಲ ಆಮೇಲೆ ಹೇಳಿದ್ದು. ನಾನು ಕೇಳಿದಾಗಲೆಲ್ಲ ಅವನು ಆರಾಮ ಇದ್ದಾಳೆ ಅನ್ನುತ್ತಿದ್ದ. ಸುಳ್ಳು ಹೇಳುತ್ತಿರಲಿಲ್ಲ, ಹಾಗೆಂದೇ ನಂಬಿದ್ದ.

ಬೇಸಿಗೆಯಲ್ಲಿ ಬೆನ್ನು ನೋವು ಶುರುವಾಗಿ ಆಕೆ ಏಳಲಾರದೆ ಹೋದಳು. ಬೀದರಿಗೆ ಹೊತ್ತು ತಂದರು. ಮ್ಯಾಡಂ, ನಾನು ಇಬ್ಬರೂ ಆಸ್ಪತ್ರೆಗೆ ಓಡಿದೆವು. ಬೆನ್ನೆಲುಬಿಗೆ ಹಬ್ಬಿದೆ, ಇನ್ನು ಮಾಡುವಂಥದ್ದೇನಿಲ್ಲ ಎಂದ ಡಾಕ್ಟರು, ನಡುವೆ ಯಾಕೆ ಬಿಟ್ಟಿರಿ ಎಂದು ಗದರಿದರು. ಧೊಂಡಿಬಾ ತಡವರಿಸಲಿಲ್ಲ.

"ಆಕಿ ಹೆಸರ ಮ್ಯಾಲ ಖುರ್ಬಾನಿ ಆಗಿತ್ತರಿ ಸಾಹೇಬ್ರ. ನೀರ ಹಾಕಿದ್ನಿ, ಇಲಿ ಮೈ ಝಾಡಿಸ್ತರಿ. ಮ್ಯಾಡಂನೂ ಅಲ್ಲೇ ಇದ್ದರು, ಕೇಳ್ರಿ ಬೇಕಾದ್ರ."

ಮಾತಿಗೆ ಅಂದಿದ್ದೆ, ಬರೀ ಮಾತಿಗೆ ಅಂದಿದ್ದೆ ಎಂದು ಮ್ಯಾಡಂ ನನ್ನ ಕಡೆ ತಿರುಗಿ ಹೇಳುತ್ತಿದ್ದರು. ನನಗೆ ಮೈಯೆಲ್ಲ ಉರಿಯಿತು. ಬಲಿ, ಹರಕೆ ಎಂದರೆ ನಮ್ಮ ಮನೆಯಲ್ಲಿ ಅಪ್ಪನ ಕಾಲದಿಂದಲೂ ಆಗದು, ಬುದ್ಧನ ಕಾಲಿಗೆ ಬಿದ್ದ ಮನೆ ನಮ್ಮದು. ಅವನನ್ನು ಅಲ್ಲೇ ಹಿಡಿದು ಅಲ್ಲಾಡಿಸಬೇಕು ಅನ್ನಿಸಿತು. ಆದರೆ ಬಲಿ ಎಂಬ ಮಾತನ್ನು ಆ ಕೋಣೆಗೆ ತಂದವನು ಅವನಲ್ಲ. ನಾವು ನಾಚಿಕೆಗೆ ಮುಸುಕಾಗಿ ಹಾಕಿದ್ದ ಪದವನ್ನು ಅವನೊಬ್ಬನೇ ನಿಜವೆಂದು ತೆಗೆದುಕೊಂಡಿದ್ದ. ಹಾಗಾಗಿ ಯಾರ ಮೇಲೆ ಸಿಟ್ಟಾಗಬೇಕೆಂದು ಇವತ್ತಿಗೂ ನನಗೆ ತಿಳಿಯುವುದಿಲ್ಲ, ಎಲ್ಲರ ಮೇಲೂ ಆಗುತ್ತೇನೆ.

ಮಳೆಗಾಲಕ್ಕೆ ಮುಂಚೆ ಗಂಗುಬಾಯಿ ತೀರಿಕೊಂಡಳು. ಸುದ್ದಿ ಬಂದ ಕೂಡಲೇ ಬಸ್ಸು ಹಿಡಿದು ಸಂತಪುರ ದಾಟಿ ಎಕಂಬಾ ಮುಟ್ಟಿದೆ. ಅಂಗಳದಲ್ಲಿ ಸೀರೆಯ ಮರೆ ಕಟ್ಟಿ ಹೆಂಗಸರು ಹೆಣಕ್ಕೆ ನೀರು ಹಾಕುತ್ತಿದ್ದರು. ಒಳಗೆ ಗೂಟದಲ್ಲಿ ಆ ಚೀಲ ಇನ್ನೂ ತೂಗುತ್ತಿತ್ತು. ಕೊನೆಯ ತಂಬಿಗೆ ಗಂಡನ ಕೈಯಿಂದ ಆಗಲಿ ಎಂದು ಧೊಂಡಿಬಾನನ್ನು ಕರೆದರು.

ಹೋಗಿ ನೀರು ಹಾಕಿದ. ಹಾಕಿದವನು ಸರಿಯಲಿಲ್ಲ. ಖಾಲಿ ತಂಬಿಗೆ ಹಿಡಿದು ಅವಳ ಮುಖ ನೋಡುತ್ತ ನಿಂತೇಬಿಟ್ಟ. ಹೆಂಗಸರು ಪಕ್ಕಕ್ಕೆ ಸರಿ ಎಂದರು, ಮಗಳು ರಟ್ಟೆ ಹಿಡಿದು ಎಳೆದಳು. ಏನನ್ನು ಕಾಯುತ್ತಿದ್ದಾನೆಂದು ಅಲ್ಲಿ ನನಗೊಬ್ಬನಿಗೆ ಗೊತ್ತಿತ್ತು. ನಾನೇ ಹೋಗಿ ಹೊರಗೆ ಕರೆದುಕೊಂಡು ಬಂದೆ.

ಕಟ್ಟೆಯ ಮೇಲೆ ಕೂಡಿಸಿದೆ. ತಂಬಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಹೇಳಿದ.

"ಆಕಿ ಮೈ ಝಾಡಿಸ್ಲಿಲ್ಲರಿ ನಾಗಸೇನ ಸರ. ಒಪ್ಪಿದ್ದಿಲ್ಲ ಆಕಿ. ಇಲಿಗಿ ಕೇಳೀನಿ ನೋಡ್ರಿ ನಾ, ಆಕಿಗಿ ಒಂದ್ ಮಾತ ಕೇಳಿದ್ದಿಲ್ಲ."