ನೀಲಕ್ಕನ ಧ್ವನಿ ಕೇಳಿದ ಮಧ್ಯಾಹ್ನ

ಮಧ್ಯಾಹ್ನ ಮೂರೂವರೆಗೆ ಎಲ್ಲ ಕೆಡಲು ಶುರುವಾಯಿತು. ವೇಳೆ ಇಷ್ಟು ಖಚಿತವಾಗಿ ನೆನಪಿರಲು ಕಾರಣವಿದೆ. ಟಾಕೀಜಿನ ಪ್ರೊಜೆಕ್ಟರ್ ಚಾಲೂ ಮಾಡುವ ಮುಂಚೆ ಆಪರೇಟರ್ ದಾವಲ್ ಕಾಕಾ ಗಂಟೆ ಎಷ್ಟೆಂದು ಕೇಳಿದ್ದರು, ನಾನು ಮೊಬೈಲ್ ನೋಡಿ ಹೇಳಿದ್ದೆ. ಮ್ಯಾಟಿನಿ ತಡವಾಯಿತು, ಮಂದಿ ಸೀಟಿ ಹೊಡೆಯುತ್ತಾರೆ ಎಂದು ಅವರು ನಕ್ಕರು. ಕೆಳಗೆ ಖುರ್ಚಿ ಕಿತ್ತು ಒಯ್ದ ಖಾಲಿ ಹಾಲ್ ಇತ್ತು. ಅದೇ ಅವರ ಕೊನೆಯ ನಗು.

ಇಂಥ ಸಂಗತಿಗಳನ್ನು ನಾನು ನಂಬುತ್ತಿರಲಿಲ್ಲ. ಹುಬ್ಬಳ್ಳಿಯ ವಿದ್ಯಾನಗರದ ಕಾಲೇಜೊಂದರಲ್ಲಿ ಭೌತಶಾಸ್ತ್ರ ಕಲಿಸುತ್ತೇನೆ. ಸ್ಟಾಫ್ ರೂಮಿನಲ್ಲಿ ಯಾರಾದರೂ ತೀರಿಹೋದ ಅತ್ತೆ ಕನಸಿನಲ್ಲಿ ಬಂದು ಎಚ್ಚರಿಸಿದರು ಎಂದು ಹೇಳತೊಡಗಿದರೆ ಉತ್ತರಪತ್ರಿಕೆಯ ಮೇಲೆ ತಲೆ ಬಗ್ಗಿಸಿ ನಗು ಅಡಗಿಸುತ್ತಿದ್ದೆ. ಈಗ ನಗುವುದಿಲ್ಲ. ಹಾಗಂತ ನಂಬುತ್ತೇನೆ ಎಂದೂ ಹೇಳಲಾರೆ. ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ. ಓದಿದವರಿಗೆ ಏನಾದರೂ ತಿಳಿದರೆ ಸಂತೋಷ.

ನೀಲಕ್ಕ ಬೈರಿದೇವರಕೊಪ್ಪದಲ್ಲಿ ನಾನು ಬಾಡಿಗೆಗಿದ್ದ ಮನೆಯ ಯಜಮಾನಿ. ಕೆಳಗೆ ಅವರು, ಮಹಡಿಯಲ್ಲಿ ನಾನು. ಒಂದು ಕಾಲಕ್ಕೆ ಆಕೆ ಸಿನಿಮಾದ ನೀಲಪ್ರಭಾ. ಹುಟ್ಟಿದ್ದು ನಾಟಕ ಕಂಪನಿಯ ಬಿಡಾರದಲ್ಲಿ. ತಾಯಿ ಕಂಪನಿಯ ನಟಿ. ಹದಿನೆಂಟಕ್ಕೆ ಬೆಂಗಳೂರಿಗೆ ಹೋದರು. ನಾಯಕಿಯಾದರು, ನಂತರ ಅತ್ತಿಗೆಯಾದರು, ತಾಯಿಯಾದರು. ಅಷ್ಟು ವರ್ಷಗಳಲ್ಲಿ ಪರದೆಯ ಮೇಲೆ ಅವರ ಸ್ವಂತ ಧ್ವನಿ ಒಮ್ಮೆಯೂ ಕೇಳಲಿಲ್ಲ. ನಮ್ಮ ಕಡೆಯ ಮಾತು ನಾಯಕಿಗೆ ಒಪ್ಪುವುದಿಲ್ಲ ಎಂದು ಪ್ರತಿ ಚಿತ್ರಕ್ಕೂ ಬೇರೊಬ್ಬರಿಂದ ಡಬ್ಬಿಂಗ್ ಮಾಡಿಸುತ್ತಿದ್ದರು.

"ಪಡದೆ ಮ್ಯಾಲೆ ನಾ ಬಾಯಿ ತಗದ್ರ ಬೆಂಗಳೂರಾಕಿ ಮಾತಾಡ್ತಾಳ ನೋಡವ್ವಾ," ಎಂದು ನೀಲಕ್ಕ ಚಹಾ ಸೋಸುತ್ತ ಹೇಳುತ್ತಿದ್ದರು. ದುರ್ಗದಬೈಲಿನಲ್ಲಿ ಒಮ್ಮೆ ಒಬ್ಬ ಹೆಂಗಸು ಗುರುತು ಹಿಡಿದು ಓಡಿ ಬಂದಳಂತೆ. ಇವರು ಮಾತಾಡಿದ್ದೇ ತಡ, ಮುಖ ಸಣ್ಣದು ಮಾಡಿ, ನೀವು ಅವರಲ್ಲ ಬಿಡ್ರಿ, ಅವರ ದನಿ ನನಗ ಗೊತ್ತೈತಿ ಎಂದು ಹೊರಟೇ ಹೋದಳಂತೆ. ಇದನ್ನು ನಗುತ್ತಲೇ ಹೇಳುತ್ತಿದ್ದರು. ಹೇಳಿ ಮುಗಿಸಿದ ಮೇಲೆ ಸೋಸಿದ ಚಹಾವನ್ನೇ ಮತ್ತೊಮ್ಮೆ ಸೋಸುತ್ತಿದ್ದರು.

ಅದಕ್ಕೇ ಅವರು ನಿರ್ಮಾಪಕಿಯಾದದ್ದು. ಊರ ಕಡೆಯ ಹೊಲ ಮಾರಿ ಒಂದು ಚಿತ್ರ ತೆಗೆದರು. ಅದರಲ್ಲಿ ತಾವೇ ಮುಖ್ಯ ಪಾತ್ರ, ಮಾತೆಲ್ಲ ನಮ್ಮ ಕಡೆಯದು, ಧ್ವನಿ ತಮ್ಮದೇ. ಅದರ ಆರಂಭವನ್ನು ಅವರು ನನಗೆ ಎಷ್ಟೋ ಸಲ ಮಾಡಿ ತೋರಿಸಿದ್ದಾರೆ. ಕಂಪನಿ ನಾಟಕದಲ್ಲಿ ದೊಡ್ಡ ನಟಿಯರು ನೇರವಾಗಿ ರಂಗಕ್ಕೆ ಬರುತ್ತಿರಲಿಲ್ಲ. ಸೈಡ್ ವಿಂಗಿನೊಳಗೆ ನಿಂತು ಮೊದಲ ಮಾತು ಎಸೆಯುತ್ತಿದ್ದರು. ಆ ಧ್ವನಿಗೇ ಜನ ಚಪ್ಪಾಳೆ ಹೊಡೆಯಬೇಕು, ಆಮೇಲೆ ಪ್ರವೇಶ. "ಮದಲ ದನಿ ಬರಬೇಕು, ಆಮ್ಯಾಲ ಮಾರಿ," ಎನ್ನುತ್ತಿದ್ದರು ನೀಲಕ್ಕ. ಚಿತ್ರವೂ ಹಾಗೇ ಶುರುವಾಗುತ್ತದೆ: ಪರದೆಯ ಮೇಲೆ ಮುಚ್ಚಿದ ಬಾಗಿಲು, ಹೊರಗಿನಿಂದ ಆಕೆಯ ಕೂಗು. "ಒಳಗ ಯಾರ ಅದೀರಿ? ಲಗೂನ ಹೊರಗ ಬರ್ರಿ."

ಚಿತ್ರ ಬಿಡುಗಡೆಯಾಗಲಿಲ್ಲ. ಹಂಚಿಕೆದಾರರು ಮಾತು ತಿಳಿಯುವುದಿಲ್ಲ, ಧ್ವನಿ ಬದಲಿಸಿ ಎಂದರು. ನೀಲಕ್ಕ ಒಪ್ಪಲಿಲ್ಲ. ಒಂದೇ ಒಂದು ಪ್ರಿಂಟ್ ಟ್ರಂಕಿನಲ್ಲಿ ತುಂಬಿಕೊಂಡು ಹುಬ್ಬಳ್ಳಿಗೆ ಮರಳಿದರು. ಟ್ರಂಕಿನ ಮೇಲೆ ಕೌದಿ ಹಾಸಿ, ಅದನ್ನೇ ಬಂದವರಿಗೆ ಕೂರಲು ಕೊಡುತ್ತಿದ್ದರು.

ಹೋದ ವರ್ಷ ಅವರಿಗೆ ಗಂಟಲ ರೋಗವೆಂದು ತಿಳಿಯಿತು. ಸತ್ತೂರಿನ ಆಸ್ಪತ್ರೆಯಲ್ಲಿ ಆಪರೇಷನ್ ಆಗಬೇಕು, ಆದ ಮೇಲೆ ಧ್ವನಿ ಉಳಿಯುವುದಿಲ್ಲ ಎಂದು ಡಾಕ್ಟರು ಮುಚ್ಚುಮರೆಯಿಲ್ಲದೆ ಹೇಳಿದರು. ಮನೆಗೆ ಬರುವ ದಾರಿಯುದ್ದಕ್ಕೂ ನೀಲಕ್ಕ ಕಿಟಕಿಯ ಹೊರಗೆ ನೋಡುತ್ತಿದ್ದರು. ಇಳಿಯುವಾಗ ನನ್ನ ಕೈ ಹಿಡಿದರು. "ಒಂದ ಸಲ ಟಾಕೀಜಿನ್ಯಾಗ ಮಂದಿ ನಡುವ ಕುಂತು ನನ್ನ ದನಿ ನಾ ಕೇಳಬೇಕವ್ವಾ. ಆಮ್ಯಾಲ ಹೋದ್ರ ಹೋಗ್ಲಿ." ನಾನು ಮಾಡಿಸುತ್ತೇನೆ ಎಂದೆ.

ಮುಚ್ಚಿ ಎಷ್ಟೋ ವರ್ಷವಾಗಿದ್ದ ಹಳೆಯ ಟಾಕೀಜೊಂದು ಕೆಡವಲು ತಯಾರಾಗಿತ್ತು. ಕೆಡವುವ ಮುಂಚೆ ಒಂದು ರವಿವಾರ ಬಳಸಿಕೊಳ್ಳಿ ಎಂದು ಮಾಲೀಕರು ಒಪ್ಪಿದರು. ಅಲ್ಲಿ ಇಡೀ ಆಯುಷ್ಯ ಆಪರೇಟರ್ ಆಗಿದ್ದ ದಾವಲ್ ಕಾಕಾ ಪ್ರೊಜೆಕ್ಟರಿಗೆ ಎಣ್ಣೆ ಹಾಕಿ, ಸವೆದ ಪಟ್ಟಿ ಬದಲಿಸಿ ಜೀವ ತಂದರು. ಕೆಳಗಿನ ಸ್ಪೀಕರುಗಳನ್ನು ಎಂದೋ ಮಾರಿದ್ದರು. ಬಾಡಿಗೆ ಸ್ಪೀಕರು ಧಾರವಾಡದಿಂದ ಸಂಜೆ ಬರಬೇಕಿತ್ತು. ಶನಿವಾರ ಮಧ್ಯಾಹ್ನ ನಾವಿಬ್ಬರೂ ಮಹಡಿಯ ಕ್ಯಾಬಿನ್ನಿನಲ್ಲಿ ಸೇರಿದ್ದು ಬರೀ ಚಿತ್ರ ಸರಿಯಾಗಿ ಬೀಳುತ್ತದೋ ಇಲ್ಲವೋ ನೋಡಲಿಕ್ಕೆ. ಆಪರೇಷನ್ನಿಗೆಂದು ಆಸ್ಪತ್ರೆ ಸೇರಿದ್ದ ನೀಲಕ್ಕನನ್ನು ಮರುದಿನ ಮೂರು ತಾಸಿನ ಮಟ್ಟಿಗೆ ಹೊರಗೆ ಬಿಡುವುದಾಗಿ ಡಾಕ್ಟರು ಹೇಳಿದ್ದರು.

ರೀಲು ಓಡಿತು. ಕ್ಯಾಬಿನ್ನಿನ ಸಣ್ಣ ಗಾಜಿನ ಕಿಂಡಿಯಿಂದ ನೋಡಿದೆ. ಮುಚ್ಚಿದ ಬಾಗಿಲು ಪರದೆ ತುಂಬ ನಿಂತಿತ್ತು. ಪ್ರೊಜೆಕ್ಟರಿನ ಟಕಟಕ ಬಿಟ್ಟರೆ ಬೇರೆ ಸದ್ದಿಲ್ಲ. ಆಗ ಆ ಕೂಗು ಕೇಳಿತು.

"ಒಳಗ ಯಾರ ಅದೀರಿ? ಲಗೂನ ಹೊರಗ ಬರ್ರಿ."

ಅದು ನಮ್ಮ ಬೆನ್ನ ಹಿಂದಿನಿಂದ, ಮೆಟ್ಟಿಲ ಕಡೆಯಿಂದ ಬಂತು. ಪರದೆಯ ಕಡೆಯಿಂದಲ್ಲ. ರೋಗ ಬರುವ ಮುಂಚಿನ ತುಂಬಿದ ಧ್ವನಿ. ಕೊನೆಯಲ್ಲಿ ಸ್ವಲ್ಪ ಎಳೆಯುವ ಅದೇ ರೀತಿ. ನನಗೆ ಹೆದರಿಕೆಯೇನೂ ಆಗಲಿಲ್ಲ. ಆಸ್ಪತ್ರೆಯಿಂದ ಒಂದು ದಿನ ಮುಂಚೆಯೇ ತಪ್ಪಿಸಿಕೊಂಡು ಬಂದು ನಮ್ಮನ್ನು ಚಾಷ್ಟಿ ಮಾಡಿ ನಗುತ್ತಿದ್ದಾರೆ ಎಂದೇ ತಿಳಿದೆ. ಕಾಕಾ ಕೂಡ ಹಾಗೇ ತಿಳಿದರು. ಅವರ ಮುಖ ಅರಳಿದ್ದನ್ನು ನಾನು ನೋಡಿದೆ.

"ಬಂದ್ರಲ್ರಿ ನೀಲಕ್ಕ," ಎಂದು ನನಗೆ ಹೇಳಿದರು. "ಹೋಗ್ರಿ ಅಕ್ಕಾರ, ಖುರ್ಚಿ ಹಾಕ್ರಿ. ದಣದಿರ್ತಾರ."

ನೀವೂ ಬನ್ನಿ ಎಂದೆ. ಅವರು ರೀಲಿನ ಮೇಲಿಂದ ಕಣ್ಣು ತೆಗೆಯಲಿಲ್ಲ.

"ಓಡೋ ರೀಲ ಬಿಟ್ಟ ಆಪರೇಟರ ಹೊರಗ ಬರಂಗಿಲ್ರಿ."

ನಾನು ಬಾಗಿಲು ತಳ್ಳಿ ಮೆಟ್ಟಿಲಿಗೆ ಬಂದೆ. ಯಾರೂ ಇರಲಿಲ್ಲ. ನೀಲಕ್ಕಾ ಎಂದು ಕರೆದೆ. ಕೆಳಗೆ ಟಿಕೀಟಿನ ಕಿಟಕಿಯ ಮುಂದೆ ಬಿಸಿಲು ಬಿದ್ದಿತ್ತು, ಒಂದು ನಾಯಿ ಮಲಗಿತ್ತು. ಅಷ್ಟರಲ್ಲಿ ಹಿಂದೆ ಏನೋ ಗಟ್ಟಿಯಾಗಿ ಮುರಿದ ಸದ್ದಾಯಿತು. ತಿರುಗುವುದರೊಳಗೆ ಧೂಳು ನನ್ನ ಬಾಯಿ ತುಂಬಿತ್ತು. ವರ್ಷಗಟ್ಟಲೆ ಮಳೆ ನೀರು ಕುಡಿದಿದ್ದ ಕ್ಯಾಬಿನ್ನಿನ ಛತ್ತು ಪೂರ್ತಿ ಕೆಳಗೆ ಬಂದಿತ್ತು. ನಾನು ನಿಂತಿದ್ದ ಕಿಂಡಿಯ ಜಾಗ ಕಾಣುತ್ತಿರಲಿಲ್ಲ. ಕಾಕಾನ ಒಂದು ಕೈ ಕಾಣುತ್ತಿತ್ತು. ಮಂದಿ ಬಂದು ಕಲ್ಲು ಸರಿಸುವ ತನಕ ನಾನು ಆ ಕೈ ಹಿಡಿದುಕೊಂಡೇ ಇದ್ದೆ. ಅದು ಬಿಸಿಯಾಗಿಯೇ ಇತ್ತು, ಆದರೆ ತಿರುಗಿ ನನ್ನ ಕೈ ಹಿಡಿಯಲಿಲ್ಲ.

ಸಂಜೆ ಆಸ್ಪತ್ರೆಗೆ ಫೋನ್ ಮಾಡಿದಾಗ ಉಳಿದದ್ದು ತಿಳಿಯಿತು. ಅಂದು ಬೆಳಿಗ್ಗೆಯೇ ನೀಲಕ್ಕನಿಗೆ ಉಸಿರು ಕಟ್ಟಿತ್ತು. ಗಂಟಲಿಗೆ ತೂತು ಮಾಡಿ ನಳಿಕೆ ಹಾಕಿದ್ದರು. ಮಧ್ಯಾಹ್ನವಿಡೀ ಅವರಿಗೆ ಎಚ್ಚರವಿರಲಿಲ್ಲ. ಇನ್ನು ಮಾತಾಡುವುದು ಸಾಧ್ಯವಿಲ್ಲ ಎಂದು ನರ್ಸ್ ಮೆತ್ತಗೆ ಹೇಳಿದಳು.

ಮೊದಲ ರೀಲು ಕಲ್ಲಿನಡಿ ಚೂರಾಗಿತ್ತು. ಕೆಳಗೆ ಇಟ್ಟಿದ್ದ ಉಳಿದ ಡಬ್ಬಿಗಳು ಉಳಿದವು. ಅವನ್ನು ಬೆಂಗಳೂರಿನಲ್ಲಿ ಪರಿಚಯದವರೊಬ್ಬರಿಗೆ ತೋರಿಸಿದೆ. ಅವರು ಒಂದು ತುಣುಕು ಕೇಳಿಸಿದರು. ನೀಲಕ್ಕನ ತುಟಿ ಅಲುಗುತ್ತಿತ್ತು, ಮಾತು ಬೇರೊಬ್ಬರದಾಗಿತ್ತು. ನಯವಾದ ಬೆಂಗಳೂರು ಮಾತು. ಉಳಿದ ಎಲ್ಲ ರೀಲೂ ಹಾಗೇ, ಚೂರಾದ ಮೊದಲನೆಯದೂ ಹಾಗೇ ಇದ್ದಿರಬೇಕು. ಯಾರು, ಯಾವಾಗ, ಯಾಕೆ ಹಾಗೆ ಮಾಡಿಸಿದರೋ ಹೇಳುವವರು ಈಗ ಯಾರೂ ಇಲ್ಲ. ನೀಲಕ್ಕ ಅಷ್ಟು ವರ್ಷ ಕೌದಿ ಹಾಸಿ ಕಾದಿದ್ದು ತಮ್ಮ ಧ್ವನಿಯನ್ನಲ್ಲ. ಸ್ಪೀಕರು ಬಂದಿದ್ದರೂ ಆ ಕೂಗು ಆ ರೀಲಿನಿಂದ ಬರುವಂತಿರಲಿಲ್ಲ.

ಮತ್ತೆ ಮತ್ತೆ ಅದೇ ಕಣ್ಣಿಗೆ ಕಟ್ಟುತ್ತಿತ್ತು. ಮಲಗಿದರೆ ಸಾಕು, ಕಿಂಡಿ, ಮುಚ್ಚಿದ ಬಾಗಿಲು, ಕಾಕಾನ ಮುಖ. ಛತ್ತಿನ ಕಡೆ ನೋಡುತ್ತ ಕೂತಿರುತ್ತಿದ್ದೆ. ಸಣ್ಣ ಸದ್ದಾದರೂ ಎದ್ದು ಹೊರಗೆ ಹೋಗಿ ಮೆಟ್ಟಿಲ ಮೇಲೆ ನಿಲ್ಲುತ್ತಿದ್ದೆ.

ಕಾಕಾನ ಹೆಂಡತಿಯ ಹತ್ತಿರ ಎಲ್ಲವನ್ನೂ ಹೇಳಿದೆ. ಕೂಗು ಕಾಕಾನಿಗೂ ಕೇಳಿತ್ತು, ಆದರೂ ಹೊರಗೆ ಬರಲಿಲ್ಲ ಎಂದೆ. ಆಕೆ ಸೆರಗಿನಿಂದ ಮೂಗು ಒರೆಸಿಕೊಂಡರು. "ಅಂವಾ ಹೆಂಗ ಬರ್ತಿದ್ದನವ್ವಾ? ನನ್ನ ಹಿರೇಮಗಳು ಹುಟ್ಟಿದಾಗ ಹೇಳಿ ಕಳಿಸಿದ್ವಿ. ಇಂಟ್ರವಲ್ ಆಗ್ಲಿ ಅಂದಿದ್ದ."

ಕೊನೆಗೆ ನೀಲಕ್ಕನಿಗೂ ಹೇಳಿದೆ. ಕಾಕಾ ಹೋದದ್ದು ಅವರಿಗೆ ಗೊತ್ತಾಗಿತ್ತು. ರೀಲಿನಲ್ಲಿದ್ದದ್ದು ಯಾರ ಧ್ವನಿ ಎಂಬುದನ್ನು ನಾನು ಹೇಳಲಿಲ್ಲ, ಈಗಲೂ ಅದರ ಬಗ್ಗೆ ನನಗೆ ಬೇಸರವಿಲ್ಲ. ಟಾಕೀಜಿನಲ್ಲಿ ನಿಮ್ಮ ಕೂಗು ಕೇಳಿತು ನೀಲಕ್ಕ, ಸ್ವಚ್ಛ ಕೇಳಿತು, ಕಾಕಾ ನಿಮಗೆ ಖುರ್ಚಿ ಹಾಕ್ರಿ ಅಂದರು ಎಂದಷ್ಟೇ ಹೇಳಿದೆ. ಅವರು ನನ್ನನ್ನೇ ಬಹಳ ಹೊತ್ತು ನೋಡಿದರು. ನಳಿಕೆಯ ಸುತ್ತ ಉಸಿರು ಗೊರಗೊರ ಎನ್ನುತ್ತಿತ್ತು. ಆಮೇಲೆ ಎರಡು ಬೆರಳು ಎತ್ತಿದರು: ಕೇಳಿದ್ದು ಇಬ್ಬರೇ ಏನು? ಹೌದು, ಇಬ್ಬರೇ ಎಂದೆ. ಆಕೆ ಗಾಳಿಯಲ್ಲಿ ಎರಡು ಟಿಕೀಟು ಹರಿದ ಹಾಗೆ ಮಾಡಿ, ಒಂದನ್ನು ನನ್ನ ಅಂಗೈಯಲ್ಲಿ ಇಟ್ಟರು. ಇನ್ನೊಂದನ್ನು, ಕಾಕಾನದನ್ನು, ತಮ್ಮ ಮುಷ್ಟಿಯಲ್ಲೇ ಇಟ್ಟುಕೊಂಡು ಅತ್ತರು. ಅಳುವಿನಲ್ಲೂ ಸದ್ದಿರಲಿಲ್ಲ.

ಮಳೆಗಾಲ ಮುಗಿಯುವ ಹೊತ್ತಿಗೆ ನೀಲಕ್ಕ ಹೋದರು. ಟಿವಿಯವರು ಹಳೆಯ ಚಿತ್ರಗಳ ತುಣುಕು ಹಾಕಿ ನೀಲಪ್ರಭಾ ಅವರ ಮಧುರ ಧ್ವನಿ ಇನ್ನಿಲ್ಲ ಎಂದರು. ಯಾರ ಧ್ವನಿಯೋ ಅದು.

ಮಣ್ಣು ಮಾಡಿ ಬಂದ ದಿನ ತಲೆ ತೊಳೆದುಕೊಂಡು, ಬಾಗಿಲ ಚಿಲಕ ಹಾಕದೆ ಸುಮ್ಮನೆ ಅಡ್ಡಾದೆ. ಕಣ್ಣು ತೆರೆದಾಗ ಬಿಸಿಲು ಹಾಸಿಗೆಯ ತನಕ ಬಂದಿತ್ತು. ಆ ಶನಿವಾರದ ನಂತರ ಪೂರ್ತಿ ರಾತ್ರಿ ನಿದ್ದೆ ಮಾಡಿದ್ದು ಅಂದೇ. ಮೊದಲು ಹಗುರವೆನಿಸಿತು. ಕೆಳಗಿನ ಮನೆಯಲ್ಲಿ ಚಹಾದ ಪಾತ್ರೆಯ ಸದ್ದಿರಲಿಲ್ಲ. ಅಷ್ಟು ಗಾಢ ನಿದ್ದೆಯಲ್ಲಿ ನೀಲಕ್ಕ ಮತ್ತೊಮ್ಮೆ ಕರೆದಿದ್ದರೂ ನನಗೆ ಕೇಳಿಸುತ್ತಿರಲಿಲ್ಲ ಎಂಬುದು ಆಮೇಲೆ ಹೊಳೆಯಿತು.