ಪ್ಲೇಟಿಗೆ ಹಾಡಿದ ಸೋಬಾನ

ಹಿರೇಕೆರೂರಿನ ಸುತ್ತ ಯಾರ ಮನೆಯ ಮದುವೆಯಾದರೂ ಸೋಬಾನ ಹಾಡಲು ನಮ್ಮ ಅತ್ತೆಯೇ ಬೇಕು. ದನಿಗೂಡಿಸಲು ಸೊಸೆಯಾದ ನಾನು, ಜೊತೆಗೆ ಓಣಿಯ ಇಬ್ಬರು ಹೆಂಗಸರು. ಗ್ರಾಮಾಫೋನಿನ ಹುಚ್ಚು ಹಬ್ಬಿದ್ದ ಕಾಲವದು. ಹಳ್ಳಿ ಹಾಡು ಹುಡುಕುತ್ತ ಹುಬ್ಬಳ್ಳಿಗೆ ಬಂದಿದ್ದ ಪ್ಲೇಟಿನ ಕಂಪನಿಯವರಿಗೆ ಸವಣೂರಿನ ವೀಳ್ಯದೆಲೆ ವ್ಯಾಪಾರಿಯೊಬ್ಬರು ನಮ್ಮ ಸುದ್ದಿ ಮುಟ್ಟಿಸಿದರು.

ಹುಬ್ಬಳ್ಳಿಯಲ್ಲಿ ಅವರು ನಮ್ಮನ್ನು ಕರೆಸಿದ ಬಾಡಿಗೆ ಕೋಣೆಯ ಗೋಡೆಗೆಲ್ಲ, ಹೊರಗಿನ ಸದ್ದು ಬರದಂತೆ, ಕಂಬಳಿ ಬಡಿದಿದ್ದರು. ಗಾಳಿಯೇ ಇಲ್ಲ. ಹಾಡು ಮುದ್ರಿಸುವ ಯಂತ್ರದವನ ಮೊದಲ ಮಾತೇ, “ಅವ್ವಾರ, ಬಳಿ ತಗೀರಿ. ಸಪ್ಪಳಾಗ್ತಾವ.”

ಅತ್ತೆ ಸಿಡಿದರು. “ನಮ್ಮ ಮನ್ಯಾರು ಹೊರಗ ಗುಂಡಕಲ್ಲಿನಂಗ ಕುಂತಾರ. ನಾ ಯಾಕ ಬಳಿ ತಗೀಲಿ?”

ಕೊನೆಗೆ ನಾಲ್ವರ ಕೈಗೂ ಬಟ್ಟೆ ಸುತ್ತಿದ್ದಾಯಿತು. ಮೂರು ನಿಮಿಷದಲ್ಲಿ ಹಾಡು ಮುಗಿಯಬೇಕು ಎಂದು ಅವನು ಮತ್ತೆ ಮತ್ತೆ ಹೇಳಿದ. ಅತ್ತೆ ತಲೆಯಾಡಿಸಿ ಗಣಪನಿಂದ ಶುರುಮಾಡಿದರು. ಬಸವಣ್ಣ, ಸರಸತಿ, ಮನೆದೇವರು, ಸುತ್ತಲಿನ ಊರಿನ ದೇವರು. ಹಾಡಿನ ಮದುಮಗಳು ಹಂದರಕ್ಕೆ ಬರುವ ಮೊದಲೇ ದನಿ ಅಚ್ಚಾಗುವ ಮೇಣದ ತಟ್ಟೆ ಮುಗಿಯಿತು. ಇನ್ನೊಮ್ಮೆ ಹಾಡಿದಾಗಲೂ ಅದೇ ಗತಿ. ಮುಂದಿನ ಸಲ ಅವನು ಮುಗಿಸಿರೆಂದು ಕೈ ಬೀಸಿದ. ಅತ್ತೆ ಹಾಡು ನಿಲ್ಲಿಸಿ, “ಯಾಕ ತಮ್ಮಾ, ನೊಣ ಹೊಡ್ಯಾಕತ್ತಿಯೇನು?” ಎಂದರು. ಅದೂ ತಟ್ಟೆಯ ಮೇಲೆ ಮೂಡಿತು. ಅವನು ತಲೆ ಹಿಡಿದುಕೊಂಡು ಕುಳಿತ.

ನಾನು ಬೆವರಿನಲ್ಲಿ ತೊಯ್ದು ಹೋಗಿದ್ದೆ. “ಅತ್ತ್ಯಾರ, ದೇವ್ರಿಗೆಲ್ಲಾ ಮನಸಿನ್ಯಾಗ ಕೈ ಮುಗೀರಿ! ಸೀದಾ ಅರಿಷಿಣ ಹಚ್ಚೂದರಿಂದ ಹಿಡೀರಿ. ನನಗ ಉಸರು ಕಟ್ಟಾಕತ್ತೈತಿ!”

ಸೊಸೆ ಹಾಗೆ ಕೂಗಿದ್ದು ಅದೇ ಮೊದಲು. ಅತ್ತೆ ನನ್ನನ್ನು ನುಂಗುವಂತೆ ನೋಡಿ, ಆ ಸಿಟ್ಟಿನಲ್ಲೇ ಹಾಡಿದರು. ಹಾಡು ಸರಿಯಾಗಿ ಮುಗಿಯಿತು.

ಪ್ಲೇಟು ಬಂದ ಮೇಲೆ ಸವಣೂರಿನ ಆ ವ್ಯಾಪಾರಿ ನಮ್ಮನ್ನು ಕರೆಸಿ, ಗ್ರಾಮಾಫೋನಿಗೆ ಚಾವಿ ಕೊಟ್ಟು ಅದನ್ನು ಹಚ್ಚಿದರು. ಅತ್ತೆ ಕಿವಿಗೊಟ್ಟು ಪೂರ್ತಿ ಕೇಳಿದರು.

“ಹಿಂದಿನ ದನಿ ನಿಂದ ಹೌದು. ಮುಂದ ಹಾಡಾಕಿ ಯಾರಬೇ? ಮೂಗಿನ್ಯಾಗ ಹಾಡ್ತಾಳ.”

“ನೀವ ಅತ್ತ್ಯಾರ!”

“ಹುಚ್ಚಿ, ನನ್ನ ದನಿ ನನಗ ಗೊತ್ತಿಲ್ಲೇನು?”

ಎಷ್ಟು ಹೇಳಿದರೂ ಒಪ್ಪಲಿಲ್ಲ. ಮುಂದೆ ಶಿಗ್ಗಾವಿಯ ಮದುವೆಯೊಂದರಲ್ಲಿ ಬೀಗರು “ಪ್ಲೇಟಿನ ಹಾಡು ಹಾಡ್ರಿ” ಎಂದು ಕೇಳಿದಾಗ, “ಅದನ್ನ ಹಾಡಿದಾಕಿನ್ನ ಕರಸ್ರಿ” ಎಂದು ಎಲೆ ಅಡಿಕೆ ಬಾಯಿಗೆ ಹಾಕಿಕೊಂಡು ಕುಳಿತುಬಿಟ್ಟರು. ತುಂಬಿದ ಹಂದರದಲ್ಲಿ ಅತ್ತೆಯನ್ನು ಓಲೈಸುವ ಕೆಲಸ ನನ್ನ ಪಾಲಿಗೆ ಬಂತು.